ಮ್ಯಾಕ್ಸ್ ರೋಚ್ ಚೆನ್ನಾಗಿ ಆಡಿದ್ದು 1960ರವರೆಗೆ ಮಾತ್ರ (ತಲೆಬರಹ ತಿದ್ದಲಾಗಿದೆ)

ಹಳೇ ರೆಕಾರ್ಡು (ಶನಿವಾರ ರಾತ್ರಿ 9.12)

ಈ ವಾರವಿಡೀ ಮನೆಯಲ್ಲಿ ಮ್ಯಾಕ್ಸ್ ರೋಚ್ ಒಬ್ಬನದೇ ಸದ್ದು. ಗೊತ್ತಿಲ್ಲದವರಿಗೆ ಎರಡು ಮಾತು. ಅಮೆರಿಕದ ಜಾಝ್ ಡ್ರಮ್ಮರ್. ಹುಟ್ಟಿದ್ದು 1924ರಲ್ಲಿ, ನಾರ್ತ್ ಕೆರೊಲಿನಾದಲ್ಲಿ. ನಾಲ್ಕು ವರ್ಷದ ಮಗುವಾಗಿದ್ದಾಗ ಮನೆಯವರು ನ್ಯೂಯಾರ್ಕಿನ ಬ್ರೂಕ್ಲಿನ್‌ಗೆ ಬಂದರು. ಹತ್ತು ವರ್ಷಕ್ಕೆಲ್ಲ ಚರ್ಚಿನ ಹಾಡಿಗೆ ಡ್ರಮ್ ಬಾರಿಸುತ್ತಿದ್ದ. ಇನ್ನೂ ಮೀಸೆ ಸರಿಯಾಗಿ ಬಂದಿರಲಿಲ್ಲ, ಅಷ್ಟರಲ್ಲಿ ಡ್ಯೂಕ್ ಎಲಿಂಗ್ಟನ್ ತಂಡದ ಡ್ರಮ್ಮರ್ ಸಾನಿ ಗ್ರೀರ್‌ಗೆ ಹುಷಾರಿಲ್ಲ ಅಂತ ಪ್ಯಾರಾಮೌಂಟ್ ಥಿಯೇಟರಿನಲ್ಲಿ ಈ ಹುಡುಗನನ್ನು ಕೂರಿಸಿದರು.

1945ರ ನವೆಂಬರಿನಲ್ಲಿ ಸ್ಯಾಕ್ಸೋಫೋನ್‌ನ ಚಾರ್ಲಿ ಪಾರ್ಕರ್ ‘ಕೋ ಕೋ’ ರೆಕಾರ್ಡ್ ಮಾಡಿದ. ಡ್ರಮ್ಮಿಗೆ ಕೂತ ರೋಚ್‌ಗೆ ಆಗ 21. ಆ ಓಟಕ್ಕೆ ನೀವು ಕಾಲು ತಟ್ಟಿ ನೋಡಿ, ಅರ್ಧ ನಿಮಿಷಕ್ಕೆ ಮೀನಖಂಡ ಹಿಡಿದುಕೊಳ್ಳುತ್ತದೆ. ಅವನ ಸಿಂಬಲ್ (ಡ್ರಮ್ ಜೊತೆಗಿನ ಲೋಹದ ತಟ್ಟೆ) ಮಾತ್ರ ಎಣ್ಣೆ ಬಿಟ್ಟ ಗಾಣದ ಹಾಗೆ ಓಡುತ್ತಿರುತ್ತದೆ. 1954ರಲ್ಲಿ ಟ್ರಂಪೆಟ್‌ನ ಕ್ಲಿಫರ್ಡ್ ಬ್ರೌನ್ ಜೊತೆ ಸೇರಿ ಒಂದು ತಂಡ ಕಟ್ಟಿದ. ನನ್ನ ಕಿವಿಗೆ ಜಾಝ್‌ನಲ್ಲಿ ಅದಕ್ಕಿಂತ ಮೇಲೆ ಏನೂ ಇಲ್ಲ. 1956ರ ಜೂನ್ 26ರ ರಾತ್ರಿ, ಮಳೆಯಲ್ಲಿ, ಪೆನ್ಸಿಲ್ವೇನಿಯಾದ ಹೆದ್ದಾರಿಯಲ್ಲಿ ಕಾರು ಉರುಳಿತು. ಬ್ರೌನ್, ಪಿಯಾನೋದ ರಿಚಿ ಪೊವೆಲ್, ರಿಚಿಯ ಹೆಂಡತಿ ನ್ಯಾನ್ಸಿ, ಮೂವರೂ ಹೋದರು. ಬ್ರೌನ್‌ಗೆ 25 ವರ್ಷ. ರೋಚ್ ಆ ಕಾರಿನಲ್ಲಿ ಇರಲಿಲ್ಲ. ಆಮೇಲೆ ಕುಡಿತಕ್ಕೆ ಬಿದ್ದ.

ಅದರಿಂದಲೂ ಎದ್ದು ಬಂದ, ಒಪ್ಪುತ್ತೇನೆ. ಆದರೆ 1960ರಲ್ಲಿ ‘ವಿ ಇನ್ಸಿಸ್ಟ್’ ಅನ್ನೋ ರೆಕಾರ್ಡ್ ಮಾಡಿದ. ಅಲ್ಲಿಂದ ಮುಂದೆ ಬರೀ ಹೋರಾಟ, ಘೋಷಣೆ, ಕಿರುಚಾಟ. ಒಟ್ಟಿನಲ್ಲಿ ರೋಚ್ ಚೆನ್ನಾಗಿ ಬಾರಿಸಿದ್ದು 1960ರವರೆಗೆ ಮಾತ್ರ. ಅಲ್ಲ ಅನ್ನುವವರು ಪುರಾವೆ ಕೊಡಿ.

ಸಂಜೆಮಲ್ಲಿಗೆ (9.31)

‘ಕಿರುಚಾಟ’ ಅಂದಿರಲ್ಲ, ಅದು ಯಾರದು ಅಂತಲೂ ಬರೆಯಬೇಕಿತ್ತು ಸಾರ್. ಗಾಯಕಿ ಆ್ಯಬಿ ಲಿಂಕನ್ ಅವರದು. ಆ ರೆಕಾರ್ಡಿನಲ್ಲಿ ರೋಚ್ ಡ್ರಮ್ ಮತ್ತು ಆ್ಯಬಿಯ ದನಿ, ಎರಡೇ ಇರುವ ಒಂದು ಭಾಗ ಇದೆ. ಮೊದಲು ಪ್ರಾರ್ಥನೆ, ನಡುವೆ ಪ್ರತಿಭಟನೆ, ಕೊನೆಗೆ ಶಾಂತಿ. ನಡುವಿನ ಒಂದು ನಿಮಿಷ ಚಿಲ್ಲರೆ ಹೊತ್ತು ಆಕೆ ಚೀರುತ್ತಾರೆ. ಪದ ಇಲ್ಲ. ಇಡೀ ರೆಕಾರ್ಡಿನಲ್ಲಿ ನಿಮಗೆ ಕೇಳಿಸಿದ್ದು ಅಷ್ಟೇನಾ?

‘ಡ್ರೈವಾ ಮ್ಯಾನ್’ ಕೇಳಿದ್ದೀರಾ? ಗುಲಾಮರನ್ನು ದುಡಿಸುವ ಮೇಸ್ತ್ರಿಯ ಮೇಲಿನ ಹಾಡು. ಐದು ಎಣಿಕೆಯ ಲೆಕ್ಕ. ಪ್ರತಿ ಐದರ ಮೊದಲನೇ ಎಣಿಕೆಗೆ ರೋಚ್ ಡ್ರಮ್ಮಿನ ಅಂಚಿಗೂ ಚರ್ಮಕ್ಕೂ ಒಟ್ಟಿಗೆ ಕೋಲು ಬೀಳಿಸುತ್ತಾರೆ. ಚಟೀರ್! ಅದು ಚಾಟಿ. ಯಾರೂ ವಿವರಿಸಬೇಕಿಲ್ಲ, ಬೆನ್ನಿಗೇ ಗೊತ್ತಾಗುತ್ತದೆ. ಅದೇ ಹಾಡಿನಲ್ಲಿ ಕೋಲ್ಮನ್ ಹಾಕಿನ್ಸ್ ಸ್ಯಾಕ್ಸೋಫೋನ್ ಒಮ್ಮೆ ಕೀಚ್ ಅನ್ನುತ್ತದೆ. ಕತ್ತರಿಸಿ ತೆಗೆಯಬೇಡಿ, ಇಂಥ ಹಾಡಿನಲ್ಲಿ ಎಲ್ಲ ನುಣ್ಣಗಿದ್ದರೇ ತಪ್ಪು ಅಂತ ಹಾಕಿನ್ಸ್ ಅವರೇ ಹೇಳಿದರು. ಹಾಗೇ ಉಳಿಸಿದರು.

ಕವರ್ ಮೇಲೆ ಇರುವುದು, ಬಿಳಿಯರಿಗೆ ಮಾತ್ರ ಅಂತಿದ್ದ ಹೋಟೆಲ್ ಕೌಂಟರಿನಲ್ಲಿ ಕೂತ ಕಪ್ಪು ಯುವಕರು. ಅದೇ ವರ್ಷ ಫೆಬ್ರವರಿಯಲ್ಲಿ ಗ್ರೀನ್ಸ್‌ಬೊರೊ ಊರಿನಲ್ಲಿ ನಾಲ್ಕು ವಿದ್ಯಾರ್ಥಿಗಳು ಹೀಗೇ ಕೂತಿದ್ದರು. ಅದೂ ನಾರ್ತ್ ಕೆರೊಲಿನಾ. ನೀವೇ ಬರೆದಿರಿ, ರೋಚ್ ಹುಟ್ಟಿದ ರಾಜ್ಯ.

ಹಳೇ ರೆಕಾರ್ಡು (9.44)

ಕವರ್ ನೋಡಿ ರೆಕಾರ್ಡ್ ಇಷ್ಟಪಡುವುದು ನಿಮ್ಮ ಪದ್ಧತಿ ಇರಬಹುದು ಮೇಡಂ. ನಾನು ಮುಳ್ಳು ಇಟ್ಟು ಕೇಳುವವನು.

ಬಡ್ಡಿ ಸಮೇತ (9.50)

ರೋಚ್ ರೋಚ್ ಅಂತೀರಿ. ಬಡ್ಡಿ ರಿಚ್ ಮುಂದೆ ಯಾರು ಸ್ವಾಮಿ? ಅವನೂ ಬ್ರೂಕ್ಲಿನ್‌ನ ಡ್ರಮ್ ಹುಡುಗನೇ, ಹುಟ್ಟಿದ್ದು 1917. ನಡೆಯೋಕೆ ಕಲಿತ ವಯಸ್ಸಿಗೆ ವೇದಿಕೆ ಮೇಲಿದ್ದ. ನೋಟೇಶನ್ ಓದೋಕೆ ಬರುತ್ತಿರಲಿಲ್ಲ, ಒಮ್ಮೆ ಕೇಳಿದರೆ ಸಾಕು. 1959ರಲ್ಲಿ ಇಬ್ಬರೂ ತಮ್ಮ ತಮ್ಮ ತಂಡ ಕಟ್ಟಿಕೊಂಡು ಒಂದೇ ರೆಕಾರ್ಡಿನಲ್ಲಿ ಎದುರುಬದುರು ಕೂತರು, ಒಂದು ಸ್ಪೀಕರಿನಲ್ಲಿ ಇವನು, ಇನ್ನೊಂದರಲ್ಲಿ ಅವನು. ಕೇಳಿ, ಯಾರು ಯಾರನ್ನ ಓಡಿಸಿದರು ಅಂತ.

1968ರಲ್ಲಿ ತಬಲಾದ ಅಲ್ಲಾ ರಖಾ ಜೊತೆ ರೆಕಾರ್ಡ್ ಮಾಡಿದ್ದೂ ರಿಚ್. ರೋಚ್ ಅಲ್ಲ.

ತನಿಆವರ್ತನ (10.05)

ಐದು ಎಣಿಕೆ ಅಂತ ಇಲ್ಲಿ ಒಬ್ಬರು ರೋಮಾಂಚನಗೊಂಡಿದ್ದಾರೆ. ಅದು ನಮ್ಮ ಖಂಡ ಚಾಪು. ತಕ ತಕಿಟ. ನಮ್ಮ ಮಕ್ಕಳು ಎಂಟನೇ ವಯಸ್ಸಿಗೆ ಹಾಕುತ್ತಾರೆ. ರೋಚ್ 1957ರಲ್ಲಿ ಇಡೀ ರೆಕಾರ್ಡು ಮೂರರ ಲೆಕ್ಕದಲ್ಲೇ ಮಾಡಿದ, ಅದೊಂದು ಸಾಹಸ ಅಂತಲೂ ಬರೆಯುತ್ತಾರೆ. ಮೂರು ಅಂದರೆ ತಿಶ್ರ. ನೂರಾರು ವರ್ಷದಿಂದ ನಮ್ಮಲ್ಲಿ ಇದೆ. ಡ್ರಮ್ ಬಾರಿಸುವವರನ್ನು ಮೃದಂಗ ನುಡಿಸುವ ವಿದ್ವಾಂಸರ ಪಕ್ಕ ಕೂರಿಸಿ ನೋಡಿದರೆ ಗೊತ್ತಾಗುತ್ತದೆ, ಲಯ ಅಂದರೆ ಏನು ಅಂತ. 22 ವರ್ಷ ಅಭ್ಯಾಸ ಮಾಡಿ ಹೇಳುತ್ತಿದ್ದೇನೆ.

ಸಾಗರದ ಡೊಳ್ಳು (10.11)

ಒಂದು ನಿಮಿಷ. ‘ಡ್ರಮ್ ಬಾರಿಸುವವರು’, ‘ಮೃದಂಗ ನುಡಿಸುವ ವಿದ್ವಾಂಸರು’. ಒಂದೇ ವಾಕ್ಯದಲ್ಲಿ ಎರಡು ಕ್ರಿಯಾಪದ ಯಾಕೆ ಬಂತು ಗುರುಗಳೇ?

ತನಿಆವರ್ತನ (10.14)

ಕನ್ನಡದಲ್ಲಿ ಹಾಗೇ ಹೇಳುವುದು. ಅದರಲ್ಲಿ ಏನೂ ಇಲ್ಲ.

ಸಾಗರದ ಡೊಳ್ಳು (10.26)

ಏನೂ ಇಲ್ಲವಾ? ಲೆಕ್ಕ ಹಾಕೋಣ. ಮೃದಂಗ ನುಡಿಸುತ್ತಾರೆ. ತಬಲಾ ನುಡಿಸುತ್ತಾರೆ. ಡೊಳ್ಳು ಬಾರಿಸುತ್ತಾರೆ. ತಮಟೆ ಬಡಿಯುತ್ತಾರೆ. ಎಲ್ಲ ಚರ್ಮವೇ. ಎಲ್ಲ ಹೊಡೆತವೇ. ಸಭೆಯಲ್ಲಿ ಜಮಖಾನದ ಮೇಲೆ ಕೂತರೆ ‘ನುಡಿಸುವುದು’, ಬೀದಿಯಲ್ಲಿ ನಿಂತರೆ ‘ಬಡಿಯುವುದು’. ತಮಟೆಯವರು ಹುಲ್ಲಿಗೆ ಬೆಂಕಿ ಹಾಕಿ ಚರ್ಮ ಕಾಯಿಸಿ, ಬೆರಳಲ್ಲಿ ತಟ್ಟಿ ತಟ್ಟಿ ಸ್ವರ ನೋಡುತ್ತಾರಲ್ಲ, ಅದು ಶ್ರುತಿ ಮಾಡುವುದಲ್ಲವಾ? ನೀವು ಮೃದಂಗದ ಎಡಗಡೆ ರವೆ ಹಚ್ಚಿದರೆ ಮಾತ್ರ ಶ್ರುತಿಯಾ?

ನಾನು ಹನ್ನೊಂದು ವರ್ಷದಿಂದ ತಂಡದಲ್ಲಿದ್ದೇನೆ. ಕಾರ್ಯಕ್ರಮದ ಕರಪತ್ರದಲ್ಲಿ ನಮ್ಮ ಹೆಸರು ಯಾವತ್ತೂ ಇರುವುದಿಲ್ಲ. ‘ಡೊಳ್ಳು ಬಾರಿಸುವವರು, 12 ಜನ’ ಅಂತ ಇರುತ್ತದೆ. ಊಟದ ಲೆಕ್ಕಕ್ಕೆ.

ಹಳೇ ರೆಕಾರ್ಡು (10.30)

ಇಲ್ಲಿ ವಿಷಯ ಮ್ಯಾಕ್ಸ್ ರೋಚ್.

ಸಾಗರದ ಡೊಳ್ಳು (10.33)

ವಿಷಯ ನಿಮ್ಮ ತಲೆಬರಹದಲ್ಲೇ ಇದೆ ಸಾರ್. ‘ಚೆನ್ನಾಗಿ ಬಾರಿಸಿದ್ದು’. ಶುರು ಮಾಡಿದ್ದೇ ನೀವು.

ತನಿಆವರ್ತನ (10.41)

ಸುಮ್ನೆ ಎಲ್ಲದಕ್ಕೂ ಜಾತಿ ಅಂಟಿಸಬೇಡಿ. ವ್ಯತ್ಯಾಸ ವಾದ್ಯದ್ದು. ಕೋಲಿನಲ್ಲಿ ಹೊಡೆದರೆ ಬಾರಿಸುವುದು. ಬೆರಳಿನಲ್ಲಿ ಆದರೆ ನುಡಿಸುವುದು. ಬೆರಳಿನಿಂದ ಮಾತ್ರ ನುಡಿ ಬರುತ್ತದೆ, ಸೊಲ್ಲು ಬರುತ್ತದೆ. ತ, ಧಿ, ತೊಂ, ನಂ. ಕೋಲಿಗೆ ಒಂದೇ ಸದ್ದು.

ನ್ಯೂಜೆರ್ಸಿ ಗೌಡ್ರು (10.58)

ನಮಸ್ಕಾರ ಎಲ್ಲರಿಗೂ. ‘ಕೋಲಿಗೆ ಒಂದೇ ಸದ್ದು’ ಅಂದಿದ್ದಕ್ಕೆ ಬರೆಯಲೇಬೇಕಾಯಿತು. ತೊಂಬತ್ತರ ದಶಕದಲ್ಲಿ ನ್ಯೂಯಾರ್ಕಿನಲ್ಲಿ ರೋಚ್ ಅವರನ್ನು ಕಣ್ಣಾರೆ ನೋಡಿದ್ದೇನೆ. ಕೋಟು, ಟೈ. ಎಪ್ಪತ್ತರ ಹತ್ತಿರದ ವಯಸ್ಸು. ಕೊನೆಯಲ್ಲಿ ಡ್ರಮ್ ಸೆಟ್ ಬಿಟ್ಟು ಎದ್ದರು. ಹೈ-ಹ್ಯಾಟ್ ಒಂದನ್ನೇ ಮುಂದಕ್ಕೆ ಎಳೆದುಕೊಂಡರು. ಎರಡು ತಾಳವಷ್ಟೇ ಇರುವ ಸಾಮಾನು ಅದು, ಕಾಲಲ್ಲಿ ಒತ್ತಿದರೆ ಮುಚ್ಚುತ್ತದೆ, ಬಿಟ್ಟರೆ ತೆರೆಯುತ್ತದೆ. ಅದರ ಅಂಚಿಗೆ, ನೆತ್ತಿಗೆ, ಕೆಳಗಿನ ಕಂಬಿಗೆ, ಕೋಲಿನ ತುದಿಯಿಂದ, ಕೋಲಿನ ಬೆನ್ನಿಂದ. ಐದು ನಿಮಿಷ. ಪಕ್ಕದಲ್ಲಿದ್ದ ನಮ್ಮ ಮನೆಯವರಿಗೆ ಜಾಝ್ ಗಂಧಗಾಳಿ ಇಲ್ಲ. ‘ಇವರು ಯಾರನ್ನೋ ಅಣಕಿಸುತ್ತಿದ್ದಾರೆ ಅಲ್ವಾ’ ಅಂದರು. ಅದು ರೋಚ್ ಅವರಿಗಿಂತ ಹಿರಿಯ ಡ್ರಮ್ಮರ್ ಜೋ ಜೋನ್ಸ್ ಅವರ ನೆನಪಿಗೆ ಮಾಡುತ್ತಿದ್ದ ಐಟಂ ಅಂತ ನನಗೇ ಆಮೇಲೆ ಗೊತ್ತಾಗಿದ್ದು.

ಒಂದೇ ಸದ್ದಂತೆ.

ಬಡ್ಡಿ ಸಮೇತ (11.02)

ಗೌಡ್ರೇ, ಎಪ್ಪತ್ತರ ವಯಸ್ಸಿನಲ್ಲಿ ಇಡೀ ಸೆಟ್ ಬಾರಿಸೋಕೆ ಆಗಲ್ಲ ಅಂತ ಒಂದೇ ಎಳೆದುಕೊಂಡಿರಬೇಕು.

ನ್ಯೂಜೆರ್ಸಿ ಗೌಡ್ರು (11.05)

ನಿಮ್ಮ ವಯಸ್ಸು ಎಷ್ಟು ತಮ್ಮಾ?

ಸಂಜೆಮಲ್ಲಿಗೆ (11.20)

‘ಬೆರಳಿನಿಂದ ಮಾತ್ರ ನುಡಿ’ ಅನ್ನುವುದಕ್ಕೆ ಉತ್ತರ 1966ರಲ್ಲೇ ಇದೆ. ‘ಡ್ರಮ್ಸ್ ಅನ್‌ಲಿಮಿಟೆಡ್’ ರೆಕಾರ್ಡಿನಲ್ಲಿ ಮೂರು ತುಣುಕು ಬರೀ ಡ್ರಮ್. ಬೇರೆ ವಾದ್ಯವೇ ಇಲ್ಲ. ‘ದ ಡ್ರಮ್ ಆಲ್ಸೋ ವಾಲ್ಟ್‌ಜಸ್’ನಲ್ಲಿ ಎರಡು ಕಾಲೂ ಮೂರರ ಲೆಕ್ಕವನ್ನು ಒಂದೇ ಸಮ ಒತ್ತುತ್ತಿರುತ್ತವೆ, ಮೇಲೆ ಕೈಗಳು ಪ್ರಶ್ನೆ ಕೇಳುತ್ತವೆ, ಉತ್ತರ ಹೇಳುತ್ತವೆ, ನಡುವೆ ಸುಮ್ಮನಾಗುತ್ತವೆ. ಆ ಸುಮ್ಮನಿರುವಿಕೆಯಲ್ಲೂ ಕಾಲು ನಿಲ್ಲುವುದಿಲ್ಲ. ಗುನುಗಬಹುದು ಅದನ್ನು. ಅವರು ಡ್ರಮ್ಮುಗಳನ್ನು ಬಿಗಿಯಾಗಿ, ಎತ್ತರದ ಸ್ವರಕ್ಕೆ ಕಟ್ಟಿಕೊಳ್ಳುತ್ತಿದ್ದರು. ಅದಕ್ಕೇ ಪ್ರತಿ ಡ್ರಮ್ಮೂ ಬೇರೆ ಬೇರೆ ಕೇಳಿಸುತ್ತದೆ.

ಹಳೇ ರೆಕಾರ್ಡು ಅವರೇ, 1966 ಅನ್ನುವುದು 1960ರ ನಂತರ ಬರುತ್ತದೆ ಅಲ್ವಾ?

ಹಳೇ ರೆಕಾರ್ಡು (11.27)

ನಂತರ ಬರುತ್ತದೆ. ಆದರೆ ಅದು ಹಳೇ ರೋಚ್. ಘೋಷಣೆ ಇಲ್ಲದ ರೋಚ್. ನನ್ನ ವಾದಕ್ಕೇ ಪುರಾವೆ ಕೊಟ್ಟಿದ್ದೀರಿ, ಥ್ಯಾಂಕ್ಸ್.

ಇನ್ನೊಂದು ಹೇಳುತ್ತೇನೆ. 1961ರ ಮೇ ತಿಂಗಳು, ಕಾರ್ನೆಗಿ ಹಾಲ್. ಮೈಲ್ಸ್ ಡೇವಿಸ್ ಕಛೇರಿ. ಅವನು ರೋಚ್‌ನ ಹಳೇ ಗೆಳೆಯ, ಪಾರ್ಕರ್ ತಂಡದಲ್ಲಿ ಜೊತೆಗಿದ್ದವನು. ನಡುವೆ ರೋಚ್ ವೇದಿಕೆಗೆ ಬಂದು, ಆಫ್ರಿಕಾ ಆಫ್ರಿಕನ್ನರದು ಅನ್ನೋ ಫಲಕ ಹಿಡಿದು ಅಂಚಿನಲ್ಲಿ ಕೂತ. ಮೈಲ್ಸ್ ನಿಲ್ಲಿಸಿ ಒಳಗೆ ಹೋದ. ಇದಾ ಸಂಗೀತಗಾರ ಮಾಡುವ ಕೆಲಸ?

ಸಂಜೆಮಲ್ಲಿಗೆ (11.34)

ಮೈಲ್ಸ್ ಮತ್ತೆ ಹೊರಗೆ ಬಂದು ಕಛೇರಿ ಮುಗಿಸಿದರು. ಅದನ್ನ ಯಾಕೆ ಬಿಟ್ಟಿರಿ? ಆ ರಾತ್ರಿಯ ರೆಕಾರ್ಡು ಅಂಗಡಿಯಲ್ಲಿ ಸಿಗುತ್ತದೆ. ನಿಮ್ಮ ಬಳಿಯೂ ಇರುತ್ತದೆ.

ಹಳೇ ರೆಕಾರ್ಡು (11.36)

ಇದೆ. ಮೊದಲ ಪ್ರೆಸ್ಸಿಂಗ್.

ತನಿಆವರ್ತನ (11.49)

ನಾನು ವ್ಯಾಕರಣ ಹೇಳಿದರೆ ಎಲ್ಲ ಸೇರಿ ಮೇಲೆ ಬೀಳುತ್ತಿದ್ದೀರಿ. ಕೊನೆಯ ಸಲ ಹೇಳುತ್ತೇನೆ. ‘ನುಡಿಸು’ ಅನ್ನುವುದು ಶಾಸ್ತ್ರೀಯ ವಾದ್ಯಕ್ಕೆ ಬಳಸುವ ಪದ. ವೀಣೆ ನುಡಿಸುತ್ತಾರೆ. ಯಾರಾದರೂ ವೀಣೆ ಬಾರಿಸುತ್ತಾರಾ? ಕನ್ನಡ ಬಲ್ಲವರು ಹೇಳಿ.

ಸಾಗರದ ಡೊಳ್ಳು (ಭಾನುವಾರ ಬೆಳಗ್ಗೆ 6.40)

ರಾತ್ರಿಯೇ ಬರೆಯಬೇಕಿತ್ತು, ಚಾರ್ಜ್ ಹೋಗಿತ್ತು. ಬಸವಣ್ಣನವರು ಬಾರಿಸುತ್ತಾರೆ. ಮೈಯನ್ನು ದಂಡಿಗೆ ಮಾಡು, ನರವನ್ನು ತಂತಿ ಮಾಡು ಅಂತ ಬರುವ ವಚನ ಶಾಲೆಯಲ್ಲಿ ಓದಿಲ್ಲವಾ? ಕೊನೆಯ ಸಾಲಿನಲ್ಲಿ ಕೂಡಲಸಂಗಮದೇವನಿಗೆ ಹೇಳುವುದು ಏನು? ಎದೆಗೆ ಒತ್ತಿಕೊಂಡು ಬಾರಿಸು. ತಂತಿವಾದ್ಯ ಸ್ವಾಮಿ. ಕೋಲು ಇಲ್ಲ. ಬೀದಿಯೂ ಅಲ್ಲ. ಬಾರಿಸುವವನು ದೇವರು.

ಬಡ್ಡಿ ಸಮೇತ (7.15)

ಔಟ್.

ತನಿಆವರ್ತನ (7.52)

ಹನ್ನೆರಡನೇ ಶತಮಾನದ ಕನ್ನಡ ಬೇರೆ, ಈಗಿನ ಬಳಕೆ ಬೇರೆ. ಈಗ ಹಾಗೆ ಹೇಳುವುದಿಲ್ಲ.

ಸಾಗರದ ಡೊಳ್ಳು (7.58)

ಖಂಡ ಚಾಪು ಬಂದಾಗ ನೂರಾರು ವರ್ಷದ ಪರಂಪರೆ. ಬಸವಣ್ಣ ಬಂದಾಗ ಹಳೇ ಕನ್ನಡ, ನಡೆಯಲ್ಲ. ನಿಮ್ಮ ಗಡಿಯಾರ ಬಹಳ ಚೆನ್ನಾಗಿದೆ, ಬೇಕಾದ ಕಡೆ ತಿರುಗುತ್ತದೆ.

ಸುಮ್ನೆ ಬಂದೆ (8.20)

ನಾನು ಸಂಗೀತದಲ್ಲಿ ಜೂನಿಯರ್ ಪರೀಕ್ಷೆ ಪಾಸ್ ಮಾಡಿದ್ದು ಅಷ್ಟೇ, ತಪ್ಪಿದ್ದರೆ ತಿದ್ದಿ. ರಾತ್ರಿ ಆ ‘ಡ್ರೈವಾ ಮ್ಯಾನ್’ ಕೇಳಿದೆ. ಅದು ಖಂಡ ಚಾಪು ಹೇಗಾಗುತ್ತದೆ? ಚಾಪು ಅಂದರೆ ಎರಡು, ಮೂರು ಅಂತ ಒಡೆಯಬೇಕು. ಇಲ್ಲಿ ಒಂದಕ್ಕೆ ಮಾತ್ರ ಏಟು, ಮಿಕ್ಕ ನಾಲ್ಕು ಸುಮ್ಮನೆ ನಡೆಯುತ್ತವೆ. ಹೊಂದುವುದಿದ್ದರೆ ಖಂಡ ಜಾತಿ ಏಕ ತಾಳಕ್ಕೆ ಹೊಂದಬೇಕು. ಒಂದು ತಟ್ಟು, ನಾಲ್ಕು ಬೆರಳು. ನಾನು ಹಾಡಿನ ಜೊತೆ ಕೈಯಲ್ಲಿ ಹಾಕಿ ನೋಡಿದೆ, ತಟ್ಟು ಸರಿಯಾಗಿ ಚಾಟಿಯ ಮೇಲೆ ಬೀಳುತ್ತದೆ. ಅದು ಬಿದ್ದಾಗ ಒಂಥರಾ ಆಯಿತು. ನಾಲ್ಕು ಬೆರಳು ಎಣಿಸುವಾಗ ಮುಂದಿನ ಏಟಿಗೇ ಕಾಯುತ್ತಿರುತ್ತೇವೆ.

ತನಿಆವರ್ತನ (8.37)

ಹೆಸರು ಯಾವುದಾದರೇನು, ಖಂಡ ಖಂಡವೇ.

ಸಂಜೆಮಲ್ಲಿಗೆ (8.39)

ಹೆಸರು ಯಾವುದಾದರೇನು ಅಂತ ಈಗ ಅನ್ನುತ್ತೀರಾ? ರಾತ್ರಿಯೆಲ್ಲ ನುಡಿಸು, ಬಾರಿಸು ಅಂತ ಕಾದಾಡಿದವರು!

ತನಿಆವರ್ತನ (9.04)

ವೈಯಕ್ತಿಕವಾಗಿ ಹೋಗಬೇಡಿ. ನನ್ನ ಮೂಲ ಮಾತು ಯಾರೂ ಮುಟ್ಟಿಲ್ಲ. ಲಯ ಕಲಿಯಲು ಜಾಝ್‌ನವರೇ ನಮ್ಮ ಹತ್ತಿರ ಬಂದರು. ಬೆಂಗಳೂರಿನಲ್ಲಿ ಟಿ.ಎ.ಎಸ್. ಮಣಿಯವರು ಕಟ್ಟಿದ ಕರ್ನಾಟಕ ಕಾಲೇಜ್ ಆಫ್ ಪರ್ಕಶನ್ ಇದೆ. ಅಮೆರಿಕದ ಚಾರ್ಲಿ ಮಾರಿಯಾನೊ ಅವರ ಜೊತೆ ‘ಜ್ಯೋತಿ’ ಅನ್ನೋ ರೆಕಾರ್ಡ್ ಮಾಡಿದರು, 1983. ಹಾಡಿದ್ದು ಆರ್.ಎ. ರಮಾಮಣಿ. ಈ ಮಾರಿಯಾನೊ ಸಣ್ಣ ಆಸಾಮಿ ಅಲ್ಲ, ಚಾರ್ಲ್ಸ್ ಮಿಂಗಸ್ ತಂಡದಲ್ಲಿ ಇದ್ದವರು. ಮಿಂಗಸ್ ಯಾರು? ನಿಮ್ಮ ರೋಚ್ ಜೊತೆ 1952ರಲ್ಲಿ ಡೆಬ್ಯೂ ಅನ್ನೋ ರೆಕಾರ್ಡ್ ಕಂಪನಿ ಶುರು ಮಾಡಿದವನು. ಹಿಂದೆ ಹಿಂದೆ ಹೋದರೆ ಎಲ್ಲ ಇಲ್ಲಿಗೇ ಬರುತ್ತದೆ.

ಸಾಗರದ ಡೊಳ್ಳು (9.10)

ಮಾರಿಯಾನೊ ಊದುವವರು. ಇಲ್ಲಿ ಜಗಳ ಬಡಿಯುವವರದು. ಇನ್ನೊಬ್ಬರನ್ನು ಹುಡುಕಿಕೊಂಡು ಬನ್ನಿ.

ಬಡ್ಡಿ ಸಮೇತ (9.12)

ಅಲ್ಲಾ ರಖಾ ಜೊತೆ ಕೂತಿದ್ದು ಬಡ್ಡಿ ರಿಚ್ ಅಂತ ನಿನ್ನೆಯೇ ಹೇಳಿದೆ. ಯಾರೂ ಓದಲ್ಲ.

ನ್ಯೂಜೆರ್ಸಿ ಗೌಡ್ರು (9.30)

ಡೆಬ್ಯೂ ಅಂದಿದ್ದಕ್ಕೆ ನೆನಪಾಯಿತು. 1953ರ ಮೇ 15, ಟೊರೊಂಟೊದ ಮ್ಯಾಸಿ ಹಾಲ್. ಪಾರ್ಕರ್, ಗಿಲೆಸ್ಪಿ, ಬಡ್ ಪೊವೆಲ್, ಮಿಂಗಸ್, ರೋಚ್, ಐವರೂ ಒಂದೇ ವೇದಿಕೆಯಲ್ಲಿ. ಅದೇ ರಾತ್ರಿ ಶಿಕಾಗೊದಲ್ಲಿ ಮಾರ್ಸಿಯಾನೊ, ವಾಲ್ಕಾಟ್ ಬಾಕ್ಸಿಂಗ್ ಪಂದ್ಯ. ಜನ ಅದನ್ನ ಕೇಳುತ್ತಾ ಮನೆಯಲ್ಲಿದ್ದರು. ಹಾಲ್ ತುಂಬಲಿಲ್ಲ. ಪಾರ್ಕರ್ ಕೈಯಲ್ಲಿ ಪ್ಲಾಸ್ಟಿಕ್ ಸ್ಯಾಕ್ಸೋಫೋನ್. ಆ ರಾತ್ರಿಯ ಟೇಪನ್ನು ರೆಕಾರ್ಡ್ ಮಾಡಿ ಹೊರತಂದಿದ್ದೇ ಡೆಬ್ಯೂ ಕಂಪನಿ. ಮಿಂಗಸ್ ಅವರಿಗೆ ತಮ್ಮ ಬೇಸ್ ತಂತಿವಾದ್ಯ ಕೇಳಿಸುತ್ತಿಲ್ಲ ಅಂತ ಬೇಜಾರು, ಸ್ಟುಡಿಯೋದಲ್ಲಿ ಮತ್ತೆ ಅದರ ಮೇಲೆ ನುಡಿಸಿ ಸೇರಿಸಿದರು. ರೋಚ್ ಹಾಗೇ ಬಿಟ್ಟರು.

ಸಾಗರದ ಡೊಳ್ಳು (9.33)

ಗಮನಿಸಿ, ಗೌಡ್ರು ಬೇಸ್‌ಗೆ ‘ನುಡಿಸಿ’ ಅಂದರು.

ನ್ಯೂಜೆರ್ಸಿ ಗೌಡ್ರು (9.35)

ಅಯ್ಯೋ ದೇವರೇ. ನಾನು ಕಥೆ ಹೇಳಿದೆ ಅಪ್ಪಾ.

ನಿರ್ವಾಹಕ (9.50)

ದಯವಿಟ್ಟು ವಿಷಯಕ್ಕೆ ಬನ್ನಿ. ವ್ಯಾಕರಣಕ್ಕೆ ಬೇರೆ ವಿಭಾಗ ಇದೆ. ಜಾಝ್ ಕಟ್ಟೆಯಲ್ಲಿ ಜಾಝ್ ಮಾತ್ರ.

ಸಂಜೆಮಲ್ಲಿಗೆ (10.08)

ನಿರ್ವಾಹಕರೇ, ವಿಷಯದಿಂದ ಯಾರೂ ಅಷ್ಟೇನೂ ದೂರ ಹೋಗಿಲ್ಲ. ‘ಜಾಝ್’ ಅನ್ನೋ ಪದವೇ ರೋಚ್‌ಗೆ ಆಗುತ್ತಿರಲಿಲ್ಲ. ಆ ಪದ ತಮಗೆ ಏನು ಅಂತ 1972ರಲ್ಲಿ ಒಂದು ಲೇಖನವನ್ನೇ ಬರೆದರು. ಕೆಟ್ಟ ಸಂಬಳ, ಕೆಟ್ಟ ಜಾಗ, ಮರ್ಯಾದೆ ಇಲ್ಲದ ಬದುಕು, ಇವೆಲ್ಲ ಆ ಹೆಸರಿಗೆ ಅಂಟಿಕೊಂಡೇ ಬರುತ್ತವೆ ಅನ್ನುವುದು ಅವರ ಸಿಟ್ಟು. ಬೀಥೋವನ್ ಬರೆದರೆ ಸಂಗೀತ, ಪಾರ್ಕರ್ ಬರೆದರೆ ಜಾಝ್. ಡೊಳ್ಳು ಅವರು ಕೇಳುತ್ತಿರುವುದು ಅದೇ ಪ್ರಶ್ನೆ, ಕನ್ನಡದಲ್ಲಿ.

ಆಮೇಲೆ 1960ರ ನಂತರ ಏನೂ ಇಲ್ಲ ಅನ್ನುವವರಿಗೆ: 1962ರಲ್ಲಿ ಎಲಿಂಗ್ಟನ್, ಮಿಂಗಸ್ ಜೊತೆ ‘ಮನಿ ಜಂಗಲ್’. ಹುಡುಗನಾಗಿದ್ದಾಗ ಬದಲಿಗೆ ಕೂತಿದ್ದ ಅದೇ ಎಲಿಂಗ್ಟನ್ ಪಕ್ಕದಲ್ಲಿ ಈಗ ಸಮಸಮವಾಗಿ. 1970ರಲ್ಲಿ ‘ಎಂಬೂಮ್’, ಬರೀ ತಾಳವಾದ್ಯದವರ ತಂಡ. ಮ್ಯಾಸಚೂಸೆಟ್ಸ್ ವಿಶ್ವವಿದ್ಯಾಲಯದಲ್ಲಿ ಪ್ರೊಫೆಸರ್. 1979ರಲ್ಲಿ ಪಿಯಾನೋದ ಸೆಸಿಲ್ ಟೇಲರ್ ಜೊತೆ ಜುಗಲ್‌ಬಂದಿ. ಮಗಳು ಮ್ಯಾಕ್ಸೀನ್ ವಯೋಲಾ ನುಡಿಸಿದ ಡಬಲ್ ಕ್ವಾರ್ಟೆಟ್. 1988ರಲ್ಲಿ ಮೆಕಾರ್ಥರ್ ಫೆಲೋಶಿಪ್. ಸಾಕಾ?

ಹಳೇ ರೆಕಾರ್ಡು (10.22)

ಪ್ರಶಸ್ತಿ ಬಂದರೆ ಸಂಗೀತ ಚೆನ್ನಾಗಿದೆ ಅಂತಾನಾ? ನವೆಂಬರ್ ಒಂದರ ಪಟ್ಟಿ ಪ್ರತಿ ವರ್ಷ ನೋಡುತ್ತೇವಲ್ಲ. ಸೆಸಿಲ್ ಟೇಲರ್ ರೆಕಾರ್ಡು ಮಧ್ಯೆ ಏಳದೆ ಪೂರ್ತಿ ಕೇಳಿದವರು ಇಲ್ಲಿ ಕೈ ಎತ್ತಿ ನೋಡೋಣ.

ಸುಮ್ನೆ ಬಂದೆ (10.24)

‘ಮನಿ ಜಂಗಲ್’ ಎಲ್ಲಿ ಸಿಗುತ್ತದೆ?

ಸಂಜೆಮಲ್ಲಿಗೆ (10.25)

ನಾನು ಕೈ ಎತ್ತಿದೆ. ಎರಡು ಸಲ ಕೇಳಿದ್ದೇನೆ. ಮೊದಲ ಸಲ ತಲೆ ನೋವು ಬಂದಿದ್ದು ನಿಜ.

ಹಳೇ ರೆಕಾರ್ಡು (10.26)

ನೋಡಿ. ಅವರೇ ಒಪ್ಪಿದರು.

ಸಂಜೆಮಲ್ಲಿಗೆ (10.27)

ಎರಡನೇ ಸಲದ್ದು 1956ರ ‘ಸ್ಯಾಕ್ಸೋಫೋನ್ ಕಲೋಸಸ್’ ಕೇಳಿದ ಮೇಲೆ ಕೇಳಿದೆ ಅಂತ ಬರೆಯುವಷ್ಟರಲ್ಲಿ ಮಧ್ಯೆ ಬಾಯಿ ಹಾಕಿದಿರಿ. ಸಾನಿ ರಾಲಿನ್ಸ್ ಜೊತೆ ಆ ರೆಕಾರ್ಡ್ ಮಾಡಿದ್ದು ಜೂನ್ 22. ಬ್ರೌನ್ ಸತ್ತಿದ್ದು ಜೂನ್ 26. ನಾಲ್ಕೇ ದಿನ. ಆ ರೆಕಾರ್ಡಿನಲ್ಲಿ ರೋಚ್ ಕೈ ಎಷ್ಟು ನಿರಾಳವಾಗಿದೆ ಅಂತ ಕೇಳಿ, ಆಮೇಲೆ 1979ಕ್ಕೆ ಬನ್ನಿ. ಅದೇ ಕೈ. ಅದೇ ಒಂದು ಮಾತು, ಅದಕ್ಕೊಂದು ಉತ್ತರ. ನಡುವೆ ನಡೆದಿದ್ದೆಲ್ಲ ಸೇರಿಕೊಂಡಿದೆ.

ಬಡ್ಡಿ ಸಮೇತ (10.40)

ಸಿಂಬಲ್ ಮೇಲೆ ತಾಳ ಇಟ್ಟು, ಬೇಸ್ ಡ್ರಮ್ಮಲ್ಲಿ ಅಲ್ಲಲ್ಲಿ ಬಾಂಬ್ ಬಿದ್ದ ಹಾಗೆ ದಿಢೀರ್ ಏಟು ಹಾಕುವುದನ್ನ ಶುರು ಮಾಡಿದ್ದೇ ಕೆನ್ನಿ ಕ್ಲಾರ್ಕ್. 1943ರಲ್ಲಿ ಅವನು ಸೈನ್ಯಕ್ಕೆ ಹೋದ, ಜಾಗ ಖಾಲಿ ಆಯಿತು, ರೋಚ್ ಬಂದು ಕೂತ. ಸಾನಿ ಗ್ರೀರ್‌ಗೆ ಹುಷಾರಿಲ್ಲದಾಗಲೂ ಅದೇ. ಈತನ ಬದುಕೆಲ್ಲ ಖಾಲಿ ಸೀಟು ಹಿಡಿಯುವುದೇ.

ನ್ಯೂಜೆರ್ಸಿ ಗೌಡ್ರು (10.44)

ತಮ್ಮಾ, ಮೆಜೆಸ್ಟಿಕ್‌ನಲ್ಲಿ ಬಸ್ಸಿನ ಕಿಟಕಿಯಿಂದ ಟವೆಲ್ ಹಾಕಿ ಸೀಟು ಹಿಡಿದ ಹಾಗಲ್ಲ ಅದು. ಕೂತ ಮೇಲೆ ಪಾರ್ಕರ್ ಜೊತೆ ಓಡಬೇಕು.

ತನಿಆವರ್ತನ (11.15)

ಡೊಳ್ಳಿನವರಿಗೆ ಒಂದು ಮಾತು. ನಿನ್ನೆ ಕರಪತ್ರದ ವಿಷಯ ಬರೆದಿರಿ. ಮೃದಂಗದವರ ಹೆಸರನ್ನೂ ಗಾಯಕರ ಹೆಸರಿನ ಕೆಳಗೆ ಸಣ್ಣ ಅಕ್ಷರದಲ್ಲಿ ಹಾಕುತ್ತಾರೆ. ಮೂರು ಗಂಟೆ ಕಛೇರಿಯಲ್ಲಿ ನಮಗೆ ತನಿ ಅಂತ, ನಾವಷ್ಟೇ ನುಡಿಸಲು, ಹತ್ತು ನಿಮಿಷ. ಆಗಲೇ ಜನ ಕಾಫಿಗೆ ಎದ್ದು ಹೋಗುತ್ತಾರೆ. ಇದನ್ನ ನೀವು ಬರೆಯಲಿಲ್ಲ.

ಸಾಗರದ ಡೊಳ್ಳು (11.21)

ಸಣ್ಣ ಅಕ್ಷರದಲ್ಲಾದರೂ ಹಾಕುತ್ತಾರಲ್ಲ.

ತನಿಆವರ್ತನ (11.22)

ನಾನು ಸೋತೆ ಅಂತ ಅಲ್ಲ ಇದು.

ಸಾಗರದ ಡೊಳ್ಳು (11.23)

ನಾನೂ ಕೇಳಲಿಲ್ಲ.

ಹಳೇ ರೆಕಾರ್ಡು (11.58)

ನನ್ನ ವಾದ ಹಾಗೇ ನಿಂತಿದೆ, ಯಾರೂ ಅಲ್ಲಾಡಿಸಲು ಆಗಿಲ್ಲ. ಆದರೆ ಒಂದು ಪದಕ್ಕೆ ಇಷ್ಟು ರಾದ್ಧಾಂತ ಬೇಡ. ತಲೆಬರಹ ಬದಲಿಸಿದ್ದೇನೆ. ಬಾರಿಸಿದ್ದೂ ಇಲ್ಲ, ನುಡಿಸಿದ್ದೂ ಇಲ್ಲ. ಇಬ್ಬರಿಗೂ ಸಮಾಧಾನ ಆಗಿರಬೇಕು.

ಸಾಗರದ ಡೊಳ್ಳು (12.03)

‘ಆಡಿದ್ದು’ ಅಂತ ಮಾಡಿದ್ದೀರಿ. ಕ್ರಿಕೆಟ್ಟಾ?

ತನಿಆವರ್ತನ (12.04)

ಇದೊಂದಕ್ಕೆ ಡೊಳ್ಳಿನವರ ಜೊತೆ ನಾನೂ ಇದ್ದೇನೆ. ತೆಗೆಯಿರಿ ಅದನ್ನ.